ಲಾರ್ಡ್ ಸಾಹೇಬರ ನಾಟಕದ ಖಾಲಿ ಸಾಲು

ಲಾರ್ಡ್ ಎಂದು ಅಲ್ಲಿಯವರೆಗೆ ನಾನು ಕರೆದದ್ದು ದೇವರನ್ನು ಮಾತ್ರ, ಅದೂ ಪ್ರಾರ್ಥನೆಯಲ್ಲಿ. ಹಾಗಾಗಿ ಸಲೀಂ ಫೋನು ಮಾಡಿ, "ಲಾರ್ಡ್ ಬಂದಿದ್ದಾರೆ ಮಾರಾಯ್ರೆ, ಅವರ ಮೊಣಗಂಟು ಮಡಚುದಿಲ್ಲ" ಎಂದಾಗ ಮೊದಲು ಆಕಾಶ ನೋಡಿದೆ. ಉಳ್ಳಾಲದ ಸಲೀಂ ಗಲ್ಫಿನ ದಮ್ಮಾಮಿನ ಬಳಿ ವಿದೇಶಿಯರ ವಸತಿ ಕಾಂಪೌಂಡೊಂದರಲ್ಲಿ ಎಸಿ, ನಲ್ಲಿ ನೋಡಿಕೊಳ್ಳುವವರು. ನಾನು ಶಿರ್ವದವನು, ಅಲ್ಲೇ ಹತ್ತಿರದ ಖತೀಫಿನಲ್ಲಿ ಫಿಸಿಯೋಥೆರಪಿಸ್ಟ್. ಮಡಚಲು ಬಾರದ ಮೊಣಕಾಲನ್ನು ಮಡಚಿಸಿ ಬೈಸಿಕೊಳ್ಳುವುದೇ ನನ್ನ ಕಸುಬು.

ಲಾರ್ಡ್ ಸಾಹೇಬರು ಮಗಳ ಮನೆಗೆ ಬಂದಿದ್ದ ಇಂಗ್ಲೆಂಡಿನ ಮುದುಕರು. ಪದವಿ ತಾತನಿಂದ ಬಂದದ್ದು. ಜೊತೆಗೆ ಬಂದ ಬಂಗಲೆ ಸೋರುತ್ತಿತ್ತೆಂದು ಶಾಲೆಗೆ ಬಿಟ್ಟುಕೊಟ್ಟರಂತೆ. ಸೈನ್ಯದಲ್ಲಿ ಅಧಿಕಾರಿಯಾಗಿದ್ದು, ನಿವೃತ್ತರಾದ ಮೇಲೆ ನಾಟಕ ಬರೆದವರು. ವ್ಯಾಯಾಮದ ನೋವು ಮರೆಯಲು ಕೊನೆಯ ನಾಟಕದ ಹಸ್ತಪ್ರತಿಯನ್ನು ನನ್ನಿಂದ ಓದಿಸುತ್ತಿದ್ದರು. ಚರ್ಚಿನ ಕ್ರಿಸ್ಮಸ್ ನಾಟಕದಲ್ಲಿ ಕತ್ತೆಯ ಹಿಂಗಾಲಾಗಿದ್ದಷ್ಟೇ ನನ್ನ ರಂಗಾನುಭವ.

ನಾಟಕದಲ್ಲಿ ಕ್ಯಾಪ್ಟನ್ ಒಬ್ಬ ಸೈನಿಕನನ್ನು ಕೇಳುತ್ತಾನೆ, "ಒಬ್ಬನೇ ಇರಬಲ್ಲೆಯಾ?" ಕೆಳಗೆ ಒಂದು ಸಾಲು ಖಾಲಿ. ಅಲ್ಲಿ ಮನಸ್ಸಿನಲ್ಲೇ ಹತ್ತು ಎಣಿಸಿ ಮುಂದಕ್ಕೆ ಹೋಗಬೇಕೆಂದು ಅವರ ಅಪ್ಪಣೆ.

"ಇಲ್ಲಿ ಉತ್ತರವಿಲ್ಲವೇ ಸರ್?" ಎಂದು ಒಮ್ಮೆ ಕೇಳಿದೆ.

ಕಾಲು ಕೆಳಗಿಳಿಸಿ ಹೇಳಿದರು. ಗಲ್ಫ್ ಯುದ್ಧದ ವರ್ಷ ಇದೇ ಮರಳಿನಲ್ಲಿ ಅವರ ಲಾರಿ ಕೆಟ್ಟಿತು. ಕಾವಲಿಗೆ ಒಬ್ಬ ಸೈನಿಕನನ್ನು ಬಿಟ್ಟು, ಸಹಾಯ ತರಲು ಜೀಪು ಹತ್ತಿ, ಆ ಪ್ರಶ್ನೆ ಕೇಳಿದರು. ಅವನೇನೋ ಹೇಳಿದ. ಎಂಜಿನ್ ಸದ್ದಿನಲ್ಲಿ ಕೇಳಿಸಲಿಲ್ಲ. ಹೂಂ ಎಂದಿರಬೇಕೆಂದು ಹೊರಟರು. ದಾರಿಯಲ್ಲಿ ಬಿರುಗಾಳಿ ಹಿಡಿಯಿತು. ಎರಡು ದಿನದ ಮೇಲೆ ಲಾರಿ ಸಿಕ್ಕಿತು. ಬಾಗಿಲು ತೆರೆದಿತ್ತು, ನೀರಿನ ಕ್ಯಾನು ತುಂಬಿಯೇ ಇತ್ತು. ಅವನಿರಲಿಲ್ಲ. ಆಮೇಲೂ ಸಿಗಲಿಲ್ಲ.

ಮೂರನೆಯ ವಾರ ಒಂದು ಮಧ್ಯಾಹ್ನ ಧೂಳು ಎದ್ದಿತು. ಕೋಣೆಯ ಬೆಳಕು ಕಿತ್ತಳೆಯಾಯಿತು. ಮರಳು ಗಾಜಿಗೆ ಉಜ್ಜಿ ಉಸ್ಸೆನ್ನುತ್ತಿತ್ತು. ಎಸಿ ಹಳೆಯ ಲಾರಿಯಂತೆ ಗುರುಗುಟ್ಟುತ್ತಿತ್ತು. ಅವರ ಮೊಣಗಂಟಿನ ಮೇಲೆ ಒಂದು ಕೈಯಿಟ್ಟು, ಇನ್ನೊಂದರಲ್ಲಿ ಹಾಳೆ ಹಿಡಿದು ಆ ಪ್ರಶ್ನೆ ಓದಿದೆ. ಎಣಿಸತೊಡಗಿದೆ. ನಾಲ್ಕಕ್ಕೋ ಐದಕ್ಕೋ ಬಾಯಿ ಒಣಗಿತು, ಕಿಟಕಿ ಮುಚ್ಚಿದ್ದರೂ ಹಲ್ಲಿನ ನಡುವೆ ಮರಳು ಕರಕರ ಎಂದಿತು. ನನ್ನ ತುಟಿ ಆಡಿದ್ದು ಗೊತ್ತಾಯಿತು. ಆಡಿದ ಮಾತು ನನಗೇ ಕೇಳಿಸಲಿಲ್ಲ.

ಕೈಯ ಕೆಳಗೆ ಮುದುಕರ ಕಾಲು ಒಮ್ಮೆಲೇ ತಣ್ಣಗಾಯಿತು. ಅವರು ನನ್ನನ್ನು ನೋಡುತ್ತಿರಲಿಲ್ಲ, ನನ್ನ ಹಿಂದಿನ ಬಾಗಿಲನ್ನು ನೋಡುತ್ತಿದ್ದರು.

"ಆ ಸೈನಿಕನ ಊರಿನ ಇಂಗ್ಲಿಷು ನಿನಗೆ ಹೇಗೆ ಬಂತು?" ಎಂದರು ಮೆಲ್ಲಗೆ.

ನನ್ನ ಇಂಗ್ಲಿಷಿಗೆ ನನ್ನ ಮಕ್ಕಳೇ ನಗುತ್ತಾರೆ. "ನಾನೇನು ಹೇಳಿದೆ ಸರ್?"

ಅವರು ಪೆನ್ಸಿಲು ತೆಗೆದುಕೊಂಡು ಖಾಲಿ ಸಾಲಿನಲ್ಲಿ ಏನನ್ನೋ ಬರೆದು, ಹಾಳೆಯನ್ನು ಬೋರಲು ಮಾಡಿದರು. "ಅವನು ಹೂಂ ಎಂದಿರಲಿಲ್ಲ," ಎಂದಷ್ಟೇ ಹೇಳಿದರು.

ಸಲೀಮರಿಗೆ ಹೇಳಿದೆ. "ಎಂತದೂ ಇಲ್ಲ, ಎಸಿಯ ಫ್ಯಾನ್ ಲೂಸ್ ಆಗಿದೆ, ಅದ್ರದ್ದೇ ಸದ್ದು" ಎಂದರು. ಮರುದಿನ ಅದನ್ನು ಸರಿಮಾಡಲು ಮಾತ್ರ ಇನ್ನೊಬ್ಬನನ್ನು ಜೊತೆಗೆ ಕರೆದುಕೊಂಡೇ ಹೋದರು.

ಊರಿಗೆ ಮರಳುವ ಮುನ್ನ ಮುದುಕರು ನನ್ನ ಕಾರಿನಲ್ಲಿ ಮರುಭೂಮಿಯ ದಾರಿಗೆ ಹೋಗಬೇಕೆಂದರು. ಬೆಳಗಿನ ಬಿಸಿಲಿನಲ್ಲಿ ಕೋಲೂರಿ ಇಳಿದು, ಹತ್ತು ಹೆಜ್ಜೆ ನಡೆದು, ಟೋಪಿ ತೆಗೆದು ನಿಂತರು. "ನನಗೆ ಕೇಳಿಸಲಿಲ್ಲ, ಕ್ಷಮಿಸು" ಎಂದರು. ಮರಳಿನ ಮೇಲೆ ಗಾಳಿಯಿರಲಿಲ್ಲ. ಆದರೂ ಯಾರೋ ಹೇಳುವುದನ್ನು ಕೇಳುವವರಂತೆ ತಲೆ ಬಾಗಿಸಿ ಬಹಳ ಹೊತ್ತು ನಿಂತಿದ್ದರು. ನಾನು ಕಾರಿನಿಂದ ಇಳಿಯಲಿಲ್ಲ. ಧೈರ್ಯ ಸಾಲಲಿಲ್ಲ ಎಂದು ಒಪ್ಪಿಕೊಳ್ಳುತ್ತೇನೆ.

ನಾಟಕ ಅವರ ಊರಿನ ಸಣ್ಣ ಸಭಾಂಗಣದಲ್ಲಿ ಆಯಿತಂತೆ. ಆ ಸಾಲಿನಲ್ಲಿ ಏನಿತ್ತೆಂದು ನಾನು ಅವರ ಮಗಳನ್ನು ಕೇಳಲಿಲ್ಲ. ಕೆಲವು ಮಾತು ನನ್ನ ಬಾಯಿಂದ ಬಂದರೂ ನನ್ನದಲ್ಲ.

ಆದರೆ ಈಗ ನಾನು ಡ್ಯೂಟಿಗೆ ಹೊರಟಾಗ ಹೆಂಡತಿ ಬಾಗಿಲಲ್ಲಿ ನಿಂತು ಏನಾದರೂ ಹೇಳಿದರೆ, ತಲೆಯಾಡಿಸಿ ಹೋಗುವುದಿಲ್ಲ. ಕಾರು ಬಂದ್ ಮಾಡಿ, ಇಳಿದು, "ಏನು ಹೇಳಿದೆ?" ಎಂದು ಕೇಳುತ್ತೇನೆ. ಹೆಚ್ಚಾಗಿ ಅದು ಕೊತ್ತಂಬರಿ ಸೊಪ್ಪಿನ ವಿಚಾರವೇ ಆಗಿರುತ್ತದೆ.