ಥೇಮ್ಸ್ ಮೆಟ್ಟಿಲ ಮೇಲೆ ಅತ್ತೆಯ ಚಪ್ಪಲಿ

ಥೇಮ್ಸ್ ನದಿಗಿಳಿಯುವ ಕಲ್ಲುಮೆಟ್ಟಿಲ ಮೇಲೆ ನಮ್ಮತ್ತೆಯ ಚಪ್ಪಲಿಗಳಷ್ಟೇ ಇದ್ದವು. ಹಳೇ ಲಂಡನ್ ತೋರಿಸುತ್ತಿದ್ದ ಗೈಡ್ ಹಿಂದೆ ನಡೆಯುತ್ತಿದ್ದ ನಾನು ತಿರುಗಿ ನೋಡಿದಾಗಲೇ ಅವರಿಲ್ಲದ್ದು ಗೊತ್ತಾಗಿದ್ದು. ಬಗ್ಗಿ ನೋಡಿದರೆ, ಪಾಚಿಗಟ್ಟಿದ ಕೆಳಗಿನ ಮೆಟ್ಟಿಲಲ್ಲಿ ಕೂತು ನೀರಿಗೆ ಕುಂಕುಮ ಹಾಕುತ್ತಿದ್ದಾರೆ.

ಸಮುದ್ರದ ಉಬ್ಬರಕ್ಕೆ ನದಿ ಏರುತ್ತಿದೆ, ಬೇಗ ಮೇಲೆ ಕರೆತನ್ನಿ ಎಂದು ಗೈಡ್ ಕೂಗಿದ. ಜಾರುತ್ತಲೇ ಇಳಿದು ಅತ್ತೆಯ ರಟ್ಟೆ ಹಿಡಿದೆ.

"ಹೊಳಿ ಕಂಡ ಮ್ಯಾಲ ಕುಂಕುಮ ಹಾಕದ ಹೆಂಗ ಹೋಗೂದವಾ," ಎಂದರು, ಧಾರವಾಡದಲ್ಲೇ ಇದ್ದಂತೆ.

ನಾವು ಮೇಲೆ ಬರುವಷ್ಟರಲ್ಲಿ ಅವರು ಕೂತಿದ್ದ ಮೆಟ್ಟಿಲು ಮುಳುಗಿತ್ತು.

ಈಗಲೂ ಲಂಡನ್ ಹೊರವಲಯದ ಹೇಸ್‌ನ ನಮ್ಮ ಮನೆಬಾಗಿಲಲ್ಲಿ ಅವರ ಚಪ್ಪಲಿ ಕಂಡರೆ "ಅತ್ತೀ" ಎಂದು ಕೂಗುತ್ತೇನೆ. ಒಳಗಿಂದ "ಓ" ಅನ್ನುವವರೆಗೆ ನನ್ನ ಜೀವ ನನ್ನಲ್ಲಿರುವುದಿಲ್ಲ.