ಮುಂದ ನಡೀರಿ, ಜಾಗಾ ಐತಿ

ಶಿಕ್ಷಕರ ನೇಮಕಾತಿ ಪರೀಕ್ಷೆಯಲ್ಲಿ ಎರಡು ಸಲ ಫೇಲಾಗಿದ್ದೆ. ಹುರುಪಿಗೆಂದು ಗೋಡೆಗೆ ಅಂಟಿಸಿಕೊಂಡಿದ್ದ ಮಹಾತ್ಮರ ಮಾತುಗಳೂ ಕೈಹಿಡಿದಿರಲಿಲ್ಲ. ಮೂರನೆಯ ಸಲ ಪರೀಕ್ಷೆಗೆಂದು ಹುಬ್ಬಳ್ಳಿಯಿಂದ ಧಾರವಾಡದ ಬಸ್ಸು ಹತ್ತಿದಾಗ ಧೈರ್ಯವೇ ಕುಸಿಯಿತು. ನಡುದಾರಿಯ ರಾಯಾಪುರದಲ್ಲೇ ಇಳಿದು ಮನೆಗೆ ಹಿಂದಿರುಗೋಣವೆಂದು ಬಾಗಿಲ ಬಳಿ ಬಂದು ನಿಂತೆ.

ಬಸ್ಸು ನಿಂತಿತು. ನನ್ನ ಕೈಯಲ್ಲಿದ್ದ ಹಾಲ್ ಟಿಕೆಟ್ ನೋಡಿದ ಕಂಡಕ್ಟರಮ್ಮ, "ನಿಮ್ಮ ಸ್ಟಾಪು ಇದಲ್ಲಲ್ರೀ ಅಕ್ಕಾರ. ಮುಂದ ನಡೀರಿ, ಜಾಗಾ ಐತಿ" ಅಂದಳು.

"ಎರಡು ಸಲ ಫೇಲಾಗೇನ್ರಿ" ಅಂದುಬಿಟ್ಟೆ.

"ಆದ್ರೇನಾತ್ರೀ. ಮುಂದ ನಡೀರಿ."

ಅವಳು ದಿನಕ್ಕೆ ನೂರು ಸಲ ಹೇಳುವ ಮಾತು ಅದು. ನನಗೆ ನಗು ಬಂತು, ಎದೆ ಹಗುರಾಯಿತು. ಮುಂದೆ ಹೋಗಿ ಕುಳಿತೆ.

ಆ ಸಲ ಪಾಸಾದೆ. ಈಗ ಉಪ್ಪಿನಬೆಟಗೇರಿಯ ಶಾಲೆಯಲ್ಲಿ ಗಣಿತ ಕಲಿಸುತ್ತೇನೆ. ಮೊದಲ ದಿನ ಹಾಜರಿ ಕೂಗುವಾಗ ಸಂತೋಷಕ್ಕೆ ಒಂದೊಂದು ಹೆಸರನ್ನೂ ಎರಡೆರಡು ಸಲ ಕೂಗಿದ್ದೆ.