ಮಕಾಡೆ ನೇಯ್ದ ರುಜು

ಮೊಳಕಾಲ್ಮೂರಿನ ನಮ್ಮ ಬೀದಿಗೆ ಪೋಸ್ಟ್‌ಮ್ಯಾನ್ ಬಂದು ಸೈಕಲ್ಲಿಗೆ ಸ್ಟ್ಯಾಂಡ್ ಹಾಕಿದರೆಂದರೆ, ಅವರ ಚೀಲದಿಂದ ಕಾಗದಕ್ಕಿಂತ ಮೊದಲು ಹೊರಬರುತ್ತಿದ್ದದ್ದು ಇಂಕ್ ಪ್ಯಾಡಿನ ಡಬ್ಬಿ. ಅಪ್ಪ ತೀರಿಕೊಂಡ ಮೇಲೆ ಅವ್ವನಿಗೆ ವಿಧವಾ ವೇತನದ ಮನಿಯಾರ್ಡರ್ ಬರುತ್ತಿತ್ತು. ಅವರು ಡಬ್ಬಿಯ ಮುಚ್ಚಳ ತೆಗೆಯುವುದು, ಅವ್ವ ಎಡಗೈ ಹೆಬ್ಬೆಟ್ಟು ಚಾಚುವುದು, ಆಮೇಲೆ ಅದನ್ನು ಸೆರಗಿನ ಒಳಮಗ್ಗುಲಿಗೆ ಒರೆಸಿಕೊಳ್ಳುವುದು, ಇಷ್ಟೂ ಮಾತಿಲ್ಲದೆ ನಡೆದುಹೋಗುತ್ತಿತ್ತು. ರುಜು ಮಾಡ್ತೀಯೇನಮ್ಮ ಎಂದು ಅವರು ಒಂದು ದಿನವೂ ಕೇಳಲಿಲ್ಲ. ಪಿಯುಸಿ ಮುಗಿಸಿ, ಚಳ್ಳಕೆರೆಯಲ್ಲಿ ಆರು ತಿಂಗಳ ಕಂಪ್ಯೂಟರ್ ಕೋರ್ಸ್ ಬೇರೆ ಮಾಡಿಕೊಂಡು ಬಂದಿದ್ದ ನಾನೂ ಕೇಳಲಿಲ್ಲ. ತುಂಬಿದ ಕೊಡ ತುಳುಕುವುದಿಲ್ಲ ಅನ್ನುತ್ತಾರೆ. ನನ್ನದು ಆಗ ಅರ್ಧ ಕೊಡ, ಕಂಡಕಂಡಲ್ಲಿ ತುಳುಕುತ್ತಿತ್ತು.

ನಮ್ಮದು ರೇಷ್ಮೆ ಸೀರೆ ನೇಯುವ ಮನೆ. ನಡುಮನೆಯಲ್ಲೇ ಗುಂಡಿ ಮಗ್ಗ. ನೇಯುವವರು ಗುಂಡಿಯೊಳಗೆ ಕಾಲು ಇಳಿಬಿಟ್ಟು ಕೂರಬೇಕು. ನಮ್ಮ ಬೀದಿಯಲ್ಲಿ ನೂಲು ಸುತ್ತುವುದು ಹೆಂಗಸರ ಕೆಲಸ, ಮಗ್ಗಕ್ಕೆ ಕೂರುವುದು ಗಂಡಸರ ಕೆಲಸ. ಅಪ್ಪನ ತಿಥಿ ಮುಗಿದ ವಾರಕ್ಕೆ ಅವ್ವ ಸೀರೆ ಎತ್ತಿ ಸಿಕ್ಕಿಸಿ ಗುಂಡಿಗೆ ಕಾಲು ಇಳಿಸಿದಳು. "ಮಗ್ಗ ಖಾಲಿ ಬಿದ್ರೆ ಇಲಿ ಮರಿ ಹಾಕ್ತಾವೆ" ಎಂದಷ್ಟೇ ಹೇಳಿದಳು. ಬೀದಿಯವರು ನಾಲ್ಕು ದಿನ ಬಾಗಿಲಲ್ಲಿ ಇಣುಕಿ ನೋಡಿದರು, ಐದನೆಯ ದಿನ ಅವರಿಗೂ ಬೇಜಾರಾಯಿತು.

ಅಪ್ಪನಿಗೆ ಒಂದು ಖಯಾಲಿ ಇತ್ತು. ತಾನು ನೇಯ್ದ ಪ್ರತಿ ಸೀರೆಯ ಕೊನೆಯಲ್ಲಿ, ಅಂಚಿನ ಪಕ್ಕದ ಮೂಲೆಯಲ್ಲಿ, ಉಗುರಿನಗಲದ ಜಾಗದಲ್ಲಿ ಜರಿಯಿಂದ ಅವ್ವನ ಹೆಸರು ನೇಯುತ್ತಿದ್ದ. ಮೂರೇ ಅಕ್ಷರ. ಕೇಳಿದವರಿಗೆ "ಸೀರೆ ಉಡೋರು ಹೆಂಗಸ್ರು, ಗುರ್ತು ಗಂಡಸಿಂದು ಯಾಕಪ್ಪಾ?" ಅನ್ನುತ್ತಿದ್ದ. ಅವನು ಹೋದ ಮೇಲೆ ಅವ್ವ ಅದನ್ನು ಬಿಡಲಿಲ್ಲ. ಅವಳಿಗೆ ಓದು ಬರದು. ಆದರೆ ಯಾವ ಸಾಲಿನಲ್ಲಿ ಎಷ್ಟು ಎಳೆ ಬಿಡಬೇಕು, ಎಷ್ಟು ಎಳೆ ಎತ್ತಬೇಕು ಎಂಬುದು ಅಪ್ಪನ ಪಕ್ಕ ಕೂತು ನೋಡಿ ನೋಡಿ ಬಾಯಿಪಾಠವಾಗಿತ್ತು. ತವರು ರಾಯದುರ್ಗದ ಕಡೆಯದಾದ್ದರಿಂದ ಮಗ್ಗದ ಎಣಿಕೆಯೆಲ್ಲ ತೆಲುಗಿನಲ್ಲೇ: ಒಕಟಿ, ರೆಂಡು, ಮೂಡು. ನಮ್ಮ ಮನೆಯ ಮಗ್ಗದ ಮೇಲೆ ಸೀರೆ ಮಕಾಡೆ ಮಲಗಿರುತ್ತಿತ್ತು, ನೇಯುವವರ ಕಣ್ಣಿಗೆ ಕಾಣುತ್ತಿದ್ದದ್ದು ಅದರ ಬೆನ್ನು. ಮುಖ ಹೇಗೆ ಬಂದಿದೆ ಎಂದು ನೋಡಲು ಒಂದು ಸಣ್ಣ ಕೈಗನ್ನಡಿಯನ್ನು ಬಟ್ಟೆಯ ಕೆಳಗೆ ಹಿಡಿಯಬೇಕಿತ್ತು. ಆ ಕನ್ನಡಿ ಸದಾ ಅವ್ವನ ತೊಡೆಯ ಪಕ್ಕದಲ್ಲಿರುತ್ತಿತ್ತು.

ಸಾಹುಕಾರರು ರೇಷ್ಮೆ, ಜರಿ ಕೊಡುತ್ತಿದ್ದರು. ನಾವು ನೇಯ್ದುಕೊಟ್ಟು ಕೂಲಿ ತರುತ್ತಿದ್ದೆವು. ಹೀಗಿರುವಾಗ ಒಂದು ದಿನ ಬಳ್ಳಾರಿಯ ಜವಳಿ ಅಂಗಡಿಯವರೊಬ್ಬರು ನಮ್ಮ ಮನೆ ಹುಡುಕಿಕೊಂಡು ಬಂದರು. ಅವರ ಕೈಯಲ್ಲಿ ನಾವೇ ನೇಯ್ದ ಸೀರೆ. ಮೂಲೆಯ ಹೆಸರನ್ನು ತೋರಿಸಿ, "ಈ ಹೆಸರಿನವ್ರು ಯಾರು? ಗಿರಾಕಿಗಳು ಇದನ್ನ ನೋಡಿ ಕೇಳ್ತಾರೆ" ಎಂದರು. ಮದುವೆ ಕಾಲಕ್ಕೆ ನೇರವಾಗಿ ನಮ್ಮಿಂದಲೇ ಸೀರೆ ತೆಗೆದುಕೊಳ್ಳಲು ಅವರು ತಯಾರಿದ್ದರು. ಒಂದೇ ಷರತ್ತು. ಬಿಲ್ಲು ಅವ್ವನ ಹೆಸರಿನಲ್ಲಿರಬೇಕು, ಅದಕ್ಕೆ ಅವ್ವನ ಹೆಸರಿನಲ್ಲಿ ಆದಾಯ ತೆರಿಗೆಯ ಪ್ಯಾನ್ ನಂಬರ್ ಬೇಕು. ದೀಪಾವಳಿಯ ಹೊತ್ತಿಗೆ ನಂಬರ್ ತಿಳಿಸದಿದ್ದರೆ ಆರ್ಡರ್ ಬೇರೆಯವರಿಗೆ ಹೋಗುತ್ತದೆ ಎಂದು ಮುಚ್ಚುಮರೆ ಇಲ್ಲದೆ ಹೇಳಿದರು. ದೀಪಾವಳಿಗೆ ಒಂದೂವರೆ ತಿಂಗಳಿತ್ತು. ಸಾಹುಕಾರರಿಗೆ ವಿಷಯ ಹೇಳಲು ಅವ್ವ ಹೆದರುತ್ತಾ ಹೋದರೆ, ಅವರು "ಹೋಗಮ್ಮ, ನಿನ್ ಕೈಗೆ ಒಳ್ಳೇದಾಗ್ಲಿ" ಎಂದು ಎಲೆ ಅಡಿಕೆ ಕೊಟ್ಟು ಕಳಿಸಿದರು. ಅಂಥವರೂ ಇದ್ದರು.

ನಮ್ಮೂರಲ್ಲಿ ಆಗ ಇಂಟರ್ನೆಟ್ ಎನ್ನುವುದು ಬಂದರೆ ಬಂತು, ಇಲ್ಲದಿದ್ದರೆ ಇಲ್ಲ. ಹಾಗಾಗಿ ಅವ್ವನನ್ನು ಕರೆದುಕೊಂಡು ಬೆಳಗಿನ ಬಸ್ಸಿಗೆ ಚಳ್ಳಕೆರೆಗೆ ಹೊರಟೆ. ನಾನು ಕೋರ್ಸ್ ಮಾಡಿದ್ದ ಕಂಪ್ಯೂಟರ್ ಸೆಂಟರ್ ಬಸ್ ಸ್ಟ್ಯಾಂಡಿನ ಹತ್ತಿರದ ಮಹಡಿಯ ಮೇಲಿತ್ತು. ಕಿಟಕಿ ತೆರೆದರೆ ಎಣ್ಣೆ ಮಿಲ್ಲಿನ ಶೇಂಗಾ ಘಮ. ಅದನ್ನು ನಡೆಸುತ್ತಿದ್ದವರನ್ನು ಎಲ್ಲರೂ ಭಾಯ್ ಎನ್ನುತ್ತಿದ್ದರು. ಐವತ್ತರ ಆಸುಪಾಸಿನ, ಮೂಗಿನ ತುದಿಗೆ ಕನ್ನಡಕ ಇಳಿಬಿಟ್ಟ ಮನುಷ್ಯ. ಅವ್ವನಿಗೆ ಫ್ಯಾನಿನ ಕೆಳಗೆ ಕುರ್ಚಿ ಹಾಕಿ, "ಕೂತ್ಕೊಳ್ಳಿ ಅಮ್ಮಾ, ಇದು ಬಲು ನಿಧಾನದ ಕೆಲ್ಸ" ಎಂದರು.

ನಿಜಕ್ಕೂ ನಿಧಾನವೇ. ಒಂದು ಪುಟ ತೆರೆದುಕೊಳ್ಳುವಷ್ಟರಲ್ಲಿ ಒಂದು ಕಂಡಿಕೆ ನೂಲು ಸುತ್ತಬಹುದಿತ್ತು. ತಂದೆಯ ಹೆಸರು ಎಂಬಲ್ಲಿ ನಾನು ಕೇಳಿದಾಗ ಅವ್ವ ನಕ್ಕಳು. "ಎಲ್ಲಾ ಕಡೆ ಗಂಡನ ಹೆಸ್ರು ಕೇಳ್ತಾರೆ. ಇವ್ರು ನಮ್ಮಪ್ಪನ್ನ ನೆನೆಸ್ಕಂಡ್ರಲ್ಲಾ, ಪುಣ್ಯಾತ್ಮರು!" ಆದಾಯದ ಮೂಲ ಎಂಬ ಸಾಲು ಬಂದಾಗ, "ಕೂಲಿ ಅಂತ ಹಾಕೇ" ಅಂದಳು. ರೇಷನ್ ಕಾರ್ಡಿನಲ್ಲಿ ಇದ್ದದ್ದು ಹಾಗೆಯೇ. ಭಾಯ್ ಕತ್ತೆತ್ತಿ, "ಕೂಲಿ ಯಾಕಮ್ಮಾ? ನಿಮ್ದೇ ಮಗ್ಗ, ನಿಮ್ದೇ ಮಾಲು. ವ್ಯಾಪಾರ ಅಂತ ಹಾಕು ತಂಗಿ" ಎಂದರು. ನಾನು ಹಾಕಿದೆ. ಅವ್ವ ಸೆರಗು ಸರಿಮಾಡಿಕೊಂಡು ಕುರ್ಚಿಯಲ್ಲಿ ಸ್ವಲ್ಪ ನೆಟ್ಟಗೆ ಕುಳಿತಳು. ಅಷ್ಟರಲ್ಲಿ ಕರೆಂಟು ಹೋಗಿ, ಬರೆದದ್ದೆಲ್ಲ ಅಳಿಸಿಹೋಗಿ, ಮತ್ತೆ ಮೊದಲಿನಿಂದ ಬರೆದೆ. ಎರಡನೆಯ ಸಲವೂ ಅವ್ವ ತನ್ನ ಅಪ್ಪನ ಹೆಸರನ್ನು ಅಷ್ಟೇ ಖುಷಿಯಿಂದ ಹೇಳಿದಳು.

ಅಂತೂ ಅರ್ಜಿ ಹೋಯಿತು, ನಮ್ಮ ಕಡೆಯಿಂದ ಕಳಿಸಬೇಕಾದ ಕಾಗದ ಪ್ರಿಂಟಾಗಿ ಬಂತು. ಅದಕ್ಕೆ ಫೋಟೋ ಅಂಟಿಸಿ, ಕೆಳಗಿನ ಚೌಕದಲ್ಲಿ ರುಜು ಮಾಡಿ, ದಾಖಲೆಗಳ ಜೊತೆ ಅಂಚೆಗೆ ಹಾಕಬೇಕು. ಆ ಚೌಕದಲ್ಲಿ ಮಾಡಿದ ರುಜುವೇ ಮುಂದೆ ಕಾರ್ಡಿನ ಮೇಲೆ ಅಚ್ಚಾಗುತ್ತದೆ. ನಾನು ಅಭ್ಯಾಸಬಲದಿಂದ ಇಂಕ್ ಪ್ಯಾಡ್ ಕೇಳಿದೆ.

"ಹೆಬ್ಬೆಟ್ಟಾದ್ರೆ ಗೆಜೆಟೆಡ್ ಆಫೀಸರ್ ಸೈನು, ಸೀಲು ಬೇಕಾಗ್ತೈತೆ" ಎಂದರು ಭಾಯ್. ಆಫೀಸರನ್ನು ಹುಡುಕುವುದೆಂದರೆ ಇವತ್ತು ಬಾ, ನಾಳೆ ಬಾ. ನಾನು ತಲೆ ಹಿಡಿದುಕೊಂಡೆ.

"ಹೆಬ್ಬೆಟ್ಟು ಬ್ಯಾಡ" ಅಂದಳು ಅವ್ವ. "ನನ್ ಹೆಸ್ರು ನಾನೇ ಹಾಕ್ತೀನಿ. ಪೆನ್ನು ಕೊಡ್ರಿ."

ಪೆನ್ನು ಹಿಡಿದು ಅವಳು ಚೌಕದ ಮೇಲೆ ಬಾಗಿದಳು. ಕೆಳಗಿನ ಗೆರೆಯಿಂದ ಶುರು ಮಾಡಿದಳು. ಎಳ್ಳುಕಾಳಿನಷ್ಟು ಉದ್ದದ ಅಡ್ಡಗೆರೆಗಳು, ಒಂದು ಸಾಲು ಮುಗಿದ ಮೇಲೆ ಅದರ ಮೇಲೆ ಇನ್ನೊಂದು ಸಾಲು. ಬಾಯಲ್ಲಿ ಒಕಟಿ, ರೆಂಡು, ಮೂಡು. ಮಗ್ಗದ ಮೇಲೆ ಬಟ್ಟೆ ಬೆಳೆಯುವ ಹಾಗೆಯೇ ಕಾಗದದ ಮೇಲೆ ಹೆಸರು ಕೆಳಗಿನಿಂದ ಮೇಲಕ್ಕೆ ಬೆಳೆಯಿತು. ಮುಗಿದಾಗ ನೋಡುತ್ತೇನೆ, ಮೂರೂ ಅಕ್ಷರ ತಿರುಗಾಮುರುಗಾ! ಕೊನೆಯ ಅಕ್ಷರ ಮೊದಲು, ಪ್ರತಿ ಅಕ್ಷರದ ಎಡ ಬಲಕ್ಕೆ. ಮಗ್ಗದಲ್ಲಿ ಮಕಾಡೆ ಮಲಗಿದ ಸೀರೆಯ ಬೆನ್ನಿನ ಮೇಲೆ ಅವಳು ಇಷ್ಟು ವರ್ಷ ಕಂಡಂತೆಯೇ ಇತ್ತು.

"ಏನವ್ವಾ ಇದು! ಉಲ್ಟಾ ಬರ್ದಿದೀಯಲ್ಲಾ! ನೋಡಿದವ್ರು ನಗಲ್ವಾ?" ಎಂದು ಎಲ್ಲರೆದುರು ಕೂಗಿಬಿಟ್ಟೆ. ಪಕ್ಕದ ಕಂಪ್ಯೂಟರಿನವರು ತಿರುಗಿ ನೋಡಿದರು. ಅವ್ವ ಪೆನ್ನನ್ನು ಮೆಲ್ಲಗೆ ಮೇಜಿನ ಮೇಲಿಟ್ಟಳು. ಆ ಪೆನ್ನು ಇಟ್ಟ ರೀತಿ ನನಗೆ ಇವತ್ತಿಗೂ ಚುಚ್ಚುತ್ತದೆ.

ಆಮೇಲೆ ನಾನು ಮೇಷ್ಟರಾದೆ. ನೆಟ್ಟಗೆ ಬರೆದು ತೋರಿಸಿ, ನೋಡಿ ಬರಿ ಎಂದೆ. ಎಣಿಕೆ ತಪ್ಪಿತು. ಎಳೆ ಹಿಡಿದರೆ ಕೂದಲು ಸೀಳುವಂಥ ಬೆರಳುಗಳು ನಾನು ಹೇಳಿದ ಒಂದು ಸೊನ್ನೆಯನ್ನು ಸುತ್ತಲಾರದೆ ಹೋದವು. ಇನ್ನೊಂದು ಪ್ರಿಂಟ್ ಕೆಟ್ಟಿತು. ಮಧ್ಯಾಹ್ನ ಕಟ್ಟಿಕೊಂಡು ಹೋಗಿದ್ದ ರೊಟ್ಟಿಯನ್ನು ಅವಳು ಬಿಚ್ಚಲೇ ಇಲ್ಲ. ಕೊನೆಗೆ ಬಸ್ಸು ತಪ್ಪುತ್ತದೆಂಬ ಸಿಟ್ಟಿನಲ್ಲಿ ನಾನು ಭಾಯ್ ಬಳಿ ಹೋಗಿ ತಗ್ಗಿದ ದನಿಯಲ್ಲಿ, "ಇನ್ನೊಂದು ಪ್ರಿಂಟ್ ಕೊಡಿ. ಅವ್ವನ ಸೈನ್ ನಾನೇ ಹಾಕ್ತೀನಿ. ಯಾರಿಗೆ ಗೊತ್ತಾಗ್ತೈತೆ?" ಎಂದೆ.

ಭಾಯ್ ಕನ್ನಡಕ ತೆಗೆದರು. "ನೀನು ಹಾಕಿದ್ರೆ ನಂಬರು ಯಾರ್ದಾಗ್ತೈತೆ ತಂಗಿ? ನಾಳೆ ಬ್ಯಾಂಕಲ್ಲಿ, ಬಿಲ್ಲಲ್ಲಿ, ಎಲ್ಲಾ ಕಡೆ ನೀನೇ ಹೋಗಿ ಹಾಕ್ತೀಯಾ? ಮದ್ವೆ ಆಗಿ ಹೋದ್ಮೇಲೆ?"

ಅವರು ಎದ್ದು ಅವ್ವನ ಬಳಿ ಬಂದು ಎರಡು ಬಿಳಿ ಹಾಳೆ ಇಟ್ಟರು. "ಅಮ್ಮಾ, ಮೊದ್ಲು ಹಾಕಿದ್ರಲ್ಲಾ, ನಿಮ್ ತರ, ಹಂಗೇ ಇದ್ರ ಮ್ಯಾಲೊಂದು, ಅದ್ರ ಮ್ಯಾಲೊಂದು ಹಾಕಿ. ಅವಸರ ಇಲ್ಲ." ಅವ್ವ ನನ್ನ ಕಡೆ ನೋಡದೆ ಹಾಕಿದಳು. ಭಾಯ್ ಆ ಎರಡು ಹಾಳೆಗಳನ್ನೂ ಮೊದಲ ಪ್ರಿಂಟನ್ನೂ ಒಂದರ ಮೇಲೊಂದು ಇಟ್ಟು, ಹೆಸರಿಗೆ ಹೆಸರು ಸರಿಹೊಂದಿಸಿ, ಟ್ಯೂಬ್‌ಲೈಟಿನ ಎದುರು ಹಿಡಿದರು. ಮೂರು ಹೆಸರು ಒಂದೇ ಹೆಸರಾಗಿ ಕಂಡಿತು. ಒಂದು ಎಳೆ ಆಚೆ ಇಲ್ಲ, ಒಂದು ಎಳೆ ಈಚೆ ಇಲ್ಲ.

"ನೋಡು ತಂಗಿ, ನನ್ ಸೈನು ದಿನಕ್ಕೊಂದು ತರ ಬರ್ತೈತೆ. ಬ್ಯಾಂಕಿನವ್ರು ವಾಪಸ್ ಕಳಿಸ್ತಾರೆ. ಸೈನು ಅಂದ್ರೆ ಓದಕ್ಕಲ್ಲ, ಗುರ್ತಿಗೆ. ಇವತ್ತು ಹಾಕಿದ್ದನ್ನೇ ನಾಳೆನೂ ಹಾಕ್ಬೇಕು, ಅಷ್ಟೇ. ಅಮ್ಮನ್ನ ಬಿಟ್ರೆ ಇಂಥ ಸೈನು ಇನ್ಯಾರ ಕೈಲಿ ಆಗ್ತೈತೆ?"

ಮೊದಲು ಹಾಕಿದ್ದ ಆ ಪ್ರಿಂಟಿಗೇ ಫೋಟೋ ಅಂಟಿಸಿದರು. ಕೆಟ್ಟುಹೋದ ಪ್ರಿಂಟಿಗೆ ಕಾಸು ಹಿಡಿಯಲಿಲ್ಲ. ಭಾಯ್ ಈಗ ಎಲ್ಲಿದ್ದಾರೋ ಗೊತ್ತಿಲ್ಲ. ಆ ಮಹಡಿಯಲ್ಲಿ ಈಗ ಮೊಬೈಲ್ ಅಂಗಡಿ ಇದೆ. ಚಳ್ಳಕೆರೆಯ ಬಸ್ ಸ್ಟ್ಯಾಂಡಿನಲ್ಲಿ ಇಳಿದಾಗಲೆಲ್ಲ ನಾನು ಒಮ್ಮೆ ಮೇಲೆ ನೋಡುತ್ತೇನೆ. ಅವತ್ತು ಅವರು ಮನಸ್ಸು ಕರಗಿ ಇನ್ನೊಂದು ಪ್ರಿಂಟ್ ಕೊಟ್ಟುಬಿಟ್ಟಿದ್ದರೆ, ನಾನು ನನ್ನ ಅವ್ವನ ಹೆಸರನ್ನು ಅವಳಿಂದಲೇ ಕಿತ್ತುಕೊಂಡಿರುತ್ತಿದ್ದೆ. ಅವರ ಋಣ ದೊಡ್ಡದು.

ವಾಪಸ್ ಬರುವಾಗ ಬಸ್ಸಿನಲ್ಲಿ, ತಳಕು ದಾಟಿದ ಮೇಲೆ, ನಾನೇ "ತಪ್ಪಾಯ್ತು ಅವ್ವಾ" ಅಂದೆ. ಅವಳು ರೊಟ್ಟಿ ಗಂಟು ಬಿಚ್ಚಿ ಅರ್ಧ ನನ್ನ ಕೈಗಿಟ್ಟು, "ಹಸ್ದಿದೀಯಾ, ತಿನ್ನು" ಎಂದಳು. ಅವಳ ಕ್ಷಮೆಯಲ್ಲಿ ಯಾವಾಗಲೂ ಚಟ್ನಿಪುಡಿ ಇರುತ್ತಿತ್ತು.

ಅಂಚೆಗೆ ಹಾಕಿದ ಮೇಲೂ ನನ್ನ ಅಳುಕು ಹೋಗಲಿಲ್ಲ. ಭಾಯ್ ಹೇಳಿದ್ದು ಸರಿ, ಆದರೆ ಆಫೀಸಿನಲ್ಲಿ ಕೂತವರು ಭಾಯ್ ಅಲ್ಲವಲ್ಲ. ಯಾರೋ ಒಬ್ಬರು 'ಇದೇನು ಉಲ್ಟಾ' ಎಂದು ಪಕ್ಕಕ್ಕಿಟ್ಟರೆ ದೀಪಾವಳಿಯೂ ಹೋಯಿತು, ಬಳ್ಳಾರಿಯೂ ಹೋಯಿತು. ನಡುವೆ ಒಮ್ಮೆ ಚಳ್ಳಕೆರೆಗೆ ಹೋಗಿ ಕಂಪ್ಯೂಟರಿನಲ್ಲಿ ನೋಡಿ ಬಂದೆ. ಪರಿಶೀಲನೆಯಲ್ಲಿದೆ ಎಂದಷ್ಟೇ ಇತ್ತು. ಅವ್ವ ಮಾತ್ರ ಆರ್ಡರ್ ಸಿಕ್ಕೇಬಿಟ್ಟಿತೆಂಬಂತೆ ಗಿಳಿಹಸಿರು ಬಣ್ಣದ ಸೀರೆ ಮಗ್ಗಕ್ಕೆ ಏರಿಸಿದ್ದಳು.

ಹಬ್ಬಕ್ಕೆ ನಾಲ್ಕೇ ದಿನ ಇದ್ದಾಗ ಬೀದಿಯಲ್ಲಿ ಸೈಕಲ್ ಬೆಲ್ಲು. ಪೋಸ್ಟ್‌ಮ್ಯಾನ್ ಸ್ಪೀಡ್ ಪೋಸ್ಟಿನ ಲಕೋಟೆ ಹಿಡಿದು, ಎಂದಿನಂತೆ ಡಬ್ಬಿಯ ಮುಚ್ಚಳ ತೆಗೆದು ಕಟ್ಟೆಯ ಮೇಲಿಟ್ಟರು. ಅವ್ವ ಗುಂಡಿಯಿಂದ ಎದ್ದು ಬಂದಳು.

"ಡಬ್ಬಿ ಮುಚ್ರಿ ಅಣ್ಣಾ. ಪೆನ್ನು ಕೊಡ್ರಿ."

ಅವರು ನನ್ನ ಮುಖ ನೋಡಿದರು. ನಾನು ಅವತ್ತು ತುಳುಕಲಿಲ್ಲ. ಅವ್ವ ಕಟ್ಟೆಯ ಮೇಲೆ ಕುಳಿತು, ಅವರ ಪುಸ್ತಕವನ್ನು ತೊಡೆಯ ಮೇಲಿಟ್ಟುಕೊಂಡು, ಕೆಳಗಿನ ಸಾಲಿನಿಂದ ಶುರು ಮಾಡಿದಳು. ಒಕಟಿ, ರೆಂಡು, ಮೂಡು. ಮುಗಿದ ಮೇಲೆ ಪೋಸ್ಟ್‌ಮ್ಯಾನ್ ಪುಸ್ತಕವನ್ನು ಹೀಗೊಮ್ಮೆ ಹಾಗೊಮ್ಮೆ ತಿರುಗಿಸಿ ನೋಡಿದರು.

"ಇದೇನಮ್ಮಾ, ಎಲ್ಲಾ ತಿರುವುಮುರುವು ಐತಲ್ಲಾ?"

"ನಿಮ್ ಕಡೆಯಿಂದ ಹಂಗೆ ಕಾಣ್ತೈತೆ ಅಣ್ಣಾ" ಅಂದಳು ಅವ್ವ.

ಲಕೋಟೆ ಒಡೆದೆ. ಕಾರ್ಡಿನ ಮೇಲೆ ಅವ್ವನ ಫೋಟೋ, ಅವಳ ಅಪ್ಪನ ಹೆಸರು, ನಂಬರು, ಅದರ ಪಕ್ಕದಲ್ಲಿ ಉಗುರಿನಗಲಕ್ಕೆ ಕುಗ್ಗಿದ ಅದೇ ರುಜು. ಅವ್ವ ಮಗ್ಗದ ಬಳಿಯ ಕೈಗನ್ನಡಿ ತಂದು, ಸೀರೆಗೆ ಹಿಡಿಯುವ ಹಾಗೆ ಕಾರ್ಡಿಗೆ ಹಿಡಿದಳು. ಕನ್ನಡಿಯೊಳಗೆ ಮೂರು ಅಕ್ಷರ ನೆಟ್ಟಗೆ ನಿಂತಿದ್ದವು. "ಸರಿಯಾಗೇ ಬಂದೈತೆ" ಎಂದು ತಲೆಯಾಡಿಸಿ, ಕಾರ್ಡನ್ನು ನನ್ನ ಕೈಗೆ ಕೊಟ್ಟು ಮತ್ತೆ ಮಗ್ಗಕ್ಕೆ ಇಳಿದಳು. ನಾನು ಎಸ್‌ಟಿಡಿ ಬೂತಿಗೆ ಓಡಿ ಬಳ್ಳಾರಿಗೆ ಫೋನ್ ಮಾಡಿ ನಂಬರ್ ಓದಿ ಹೇಳಿದೆ. ಅವರು ಇನ್ನೂ ಕಾಯುತ್ತಿದ್ದರು.

ಮುಂದಿನ ತಿಂಗಳು ಪೋಸ್ಟ್‌ಮ್ಯಾನ್ ಮನಿಯಾರ್ಡರ್ ತಂದಾಗ ಡಬ್ಬಿಗಾಗಿ ಚೀಲಕ್ಕೆ ಕೈ ಹಾಕಲಿಲ್ಲ. ಜೇಬಿನಿಂದ ಪೆನ್ನು ತೆಗೆದು, ಕ್ಯಾಪು ಬಿಚ್ಚಿ ಅವ್ವನ ಕೈಗೆ ಕೊಟ್ಟು, ಎಷ್ಟು ಹೊತ್ತಾದರೂ ಆಗಲಿ ಎಂಬಂತೆ ಕಟ್ಟೆಯ ಮೇಲೆ ಕುಳಿತುಕೊಂಡರು.